ಡಾ ನಾಂಗ್‌ನಿಂದ ಹುಯೆಗೆ ಕಡಲಂಚಿನ ರೈಲು: ಒಂದು ದಿನದಲ್ಲಿ ಹೋಗಿಬರುವುದು ಹೇಗೆ?

ವಿಯೆಟ್ನಾಂಗೆ ಹೊರಟ ನಮ್ಮವರ ಪಟ್ಟಿಯಲ್ಲಿ ಈಗೀಗ ಡಾ ನಾಂಗ್ ಇದ್ದೇ ಇರುತ್ತದೆ. ಬಾ ನಾ ಬೆಟ್ಟದ ಮೇಲಿನ ಗೋಲ್ಡನ್ ಬ್ರಿಜ್, ಹೋಯಿ ಆನ್‌ನ ಕಂದೀಲುಗಳು, ಮೀ ಖೆ ಕಡಲತೀರ, ಇಷ್ಟಕ್ಕೇ ಎರಡು ಮೂರು ದಿನ ಹೋಗಿಬಿಡುತ್ತದೆ. ಅದರ ಮೇಲೆ ಇನ್ನೊಂದು ದಿನ ಕೈಯಲ್ಲಿದ್ದರೆ ಅದನ್ನು ಮಾಲ್‌ನಲ್ಲೋ ಮತ್ತೊಂದು ಬೀಚ್‌ನಲ್ಲೋ ಕಳೆಯಬೇಡಿ. ಬೆಳಗ್ಗೆ ರೈಲು ಹತ್ತಿ ಹುಯೆಗೆ ಹೋಗಿ. 1802ರಿಂದ 1945ರವರೆಗೆ ನ್ಗುಯೆನ್ ಅರಸರು ಕೂತು ಆಳಿದ ರಾಜಧಾನಿ ಅದು. ನಡುವಿನ 103 ಕಿಲೋಮೀಟರ್ ರೈಲು ದಾರಿ ಹಾಯ್ ವಾನ್ ಘಾಟಿಯ ಸೊಂಟ ಸುತ್ತಿಕೊಂಡು, ಸಮುದ್ರದ ನೆತ್ತಿಯ ಮೇಲೆ ಹೋಗುತ್ತದೆ.

ಮುಖ್ಯ ಮಾತನ್ನು ಮೊದಲೇ ಹೇಳಿಬಿಡುತ್ತೇನೆ. ಹೋಗುವಾಗ ರೈಲು, ಬರುವಾಗ ರಸ್ತೆ. ಎರಡೂ ಕಡೆ ರೈಲಿನಲ್ಲೇ ಹೋಗಬೇಕೆಂದು ಹಟ ಹಿಡಿದರೆ ಒಂದೋ ಹುಯೆಯಲ್ಲಿ ಮೂರು ಗಂಟೆ ಮಾತ್ರ ಸಿಗುತ್ತದೆ, ಇಲ್ಲವೇ ವಾಪಸು ಬರುವಾಗ ಕತ್ತಲಾಗಿ ಕಿಟಕಿಯ ಗಾಜಿನಲ್ಲಿ ನಿಮ್ಮ ಮುಖವೇ ಕಾಣುತ್ತದೆ. ಘಾಟಿಯನ್ನು ಹಗಲಿನಲ್ಲಿ ಒಮ್ಮೆ ನೋಡಿದರೆ ಸಾಕು. ಉಳಿದ ಸಮಯ ಹುಯೆಗೆ ಸಲ್ಲಬೇಕು.

ಯಾವ ತಿಂಗಳು?

ನಮ್ಮವರು ಎಡವುವುದು ಇಲ್ಲೇ. ದಸರಾ, ದೀಪಾವಳಿ ರಜೆ ನೋಡಿಕೊಂಡು ಟಿಕೆಟ್ ಮಾಡುತ್ತೇವೆ. ನಮ್ಮಲ್ಲಿ ಮುಂಗಾರು ಮುಗಿದು ಆಕಾಶ ತಿಳಿಯಾಗಿರುವ ಹೊತ್ತು ಅದು. ಮಧ್ಯ ವಿಯೆಟ್ನಾಂನಲ್ಲಿ ಮಾತ್ರ ಮಳೆಗಾಲ ಶುರುವಾಗುವುದೇ ಆಗ. ಸೆಪ್ಟೆಂಬರ್‌ನಿಂದ ಡಿಸೆಂಬರ್‌ವರೆಗೆ ಮಳೆ, ಅದರಲ್ಲೂ ಅಕ್ಟೋಬರ್, ನವೆಂಬರ್ ತಿಂಗಳು ಜೋರು. ಈಶಾನ್ಯದಿಂದ ಬರುವ ಗಾಳಿಯನ್ನು ಹಾಯ್ ವಾನ್, ಬಾಕ್ ಮಾ ಬೆಟ್ಟಗಳು ತಡೆದು ನಿಲ್ಲಿಸಿ ಹುಯೆಯ ಮೇಲೆ ಸುರಿಸುತ್ತವೆ. 2025ರ ಅಕ್ಟೋಬರ್ ಕೊನೆಯಲ್ಲಿ ಬಾಕ್ ಮಾ ಶಿಖರದಲ್ಲಿ 24 ಗಂಟೆಯೊಳಗೆ 1,700 ಮಿಲಿಮೀಟರಿಗೂ ಹೆಚ್ಚು ಮಳೆ ಬಿತ್ತು. ಆಗುಂಬೆಯ ಮಳೆ ಕಂಡವರೂ ಒಂದು ದಿನಕ್ಕೆ ಇಷ್ಟೆಂದರೆ ಹುಬ್ಬೇರಿಸುತ್ತಾರೆ. ಆಗ ಹುಯೆಯ ಬೀದಿಗಳಲ್ಲಿ ದೋಣಿ ಓಡಾಡಿದವು, ರೈಲು ನಿಂತವು.

ಫೆಬ್ರವರಿ ಕೊನೆಯಿಂದ ಏಪ್ರಿಲ್‌ವರೆಗಿನ ಸಮಯ ಎಲ್ಲಕ್ಕಿಂತ ಒಳ್ಳೆಯದು. ಮೇ ತಿಂಗಳಿಂದ ಆಗಸ್ಟ್‌ವರೆಗೆ ಸಮುದ್ರ ನೀಲಿಯಾಗಿ ಹೊಳೆಯುತ್ತದೆ, ಆದರೆ ಅರಮನೆಯ ಅಂಗಳದಲ್ಲಿ ಮಧ್ಯಾಹ್ನ ನಿಲ್ಲಲಾಗದಷ್ಟು ಬಿಸಿಲು. ಮಕ್ಕಳ ಬೇಸಿಗೆ ರಜೆಗೆ ಹೋಗುವವರು ಟೋಪಿ, ಛತ್ರಿ, ನೀರಿನ ಬಾಟಲಿ ಮರೆಯದಿದ್ದರೆ ಆಯಿತು. ಡಿಸೆಂಬರ್, ಜನವರಿಯಲ್ಲಿ ಡಾ ನಾಂಗ್‌ನಲ್ಲಿ ಬಿಸಿಲಿದ್ದು ಘಾಟಿಯ ಆಚೆ ಹುಯೆಯಲ್ಲಿ ಮೋಡ, ಜಿಟಿಜಿಟಿ, ಸ್ವೆಟರ್ ಬೇಕೆನ್ನಿಸುವ ಚಳಿ ಇರುವುದುಂಟು. ಜನವರಿ ಕೊನೆಯಿಂದ ಫೆಬ್ರವರಿ ಮೂರನೇ ವಾರದೊಳಗೆ ಬರುವ ಟೆಟ್ ಅವರ ಹೊಸ ವರ್ಷ. ಆ ವಾರ ಇಡೀ ದೇಶ ಊರಿಗೆ ಹೊರಟಿರುತ್ತದೆ, ರೈಲಿನಲ್ಲಿ ಸೀಟು ಸಿಗುವುದಿಲ್ಲ.

ವೀಸಾ, ಹೆಸರು, ದುಡ್ಡು

ಭಾರತದ ಪಾಸ್‌ಪೋರ್ಟ್ ಇರುವವರಿಗೆ ಇ-ವೀಸಾ ಬೇಕು. ಒಂದು ಸಲದ ಪ್ರವೇಶಕ್ಕೆ 25 ಡಾಲರ್, ಹಲವು ಸಲಕ್ಕೆ 50 ಡಾಲರ್. 2023ರ ಆಗಸ್ಟ್‌ನಿಂದ 90 ದಿನದವರೆಗೂ ಕೊಡುತ್ತಿದ್ದಾರೆ. ಸರ್ಕಾರದ ಜಾಲತಾಣದಲ್ಲೇ ಅರ್ಜಿ ಹಾಕಿ. ಅದೇ ಚಂದದ ಮುಖಪುಟ ಇಟ್ಟುಕೊಂಡು ಮೂರು ಪಟ್ಟು ದುಡ್ಡು ಕೀಳುವ ಖಾಸಗಿ ತಾಣಗಳು ಬೇಕಾದಷ್ಟಿವೆ.

ಹೆಸರಿನ ವಿಷಯ ಸ್ವಲ್ಪ ಗಮನಿಸಿ. ನಮ್ಮಲ್ಲಿ ಇನಿಷಿಯಲ್ ಇಟ್ಟುಕೊಳ್ಳುವವರು, ಸರ್‌ನೇಮ್ ಜಾಗ ಖಾಲಿ ಬಿಟ್ಟವರು, ಊರ ಹೆಸರನ್ನೇ ಮುಂದೆ ಸೇರಿಸಿಕೊಂಡವರು ಎಲ್ಲರೂ ಇದ್ದಾರೆ. ರೈಲು ಟಿಕೆಟ್‌ಗೂ ಪಾಸ್‌ಪೋರ್ಟ್ ನಂಬರ್, ಹೆಸರು ಕೊಡಬೇಕು. ಪಾಸ್‌ಪೋರ್ಟ್‌ನಲ್ಲಿ ಹೇಗಿದೆಯೋ ಅಕ್ಷರಶಃ ಹಾಗೆಯೇ ವೀಸಾದಲ್ಲೂ ಟಿಕೆಟ್‌ನಲ್ಲೂ ಹಾಕಿ. ಮನೆಯಲ್ಲಿ ಕರೆಯುವ ಹೆಸರು ಬೇಡ.

ದುಡ್ಡಿನ ಲೆಕ್ಕ ಮೊದಲ ದಿನ ತಲೆ ಕೆಡಿಸುತ್ತದೆ. ಸುಲಭದ ದಾರಿ ಹೀಗೆ: ಒಂದು ಲಕ್ಷ ಡಾಂಗ್ ಎಂದರೆ ಹೆಚ್ಚುಕಡಿಮೆ 330ರಿಂದ 350 ರೂಪಾಯಿ. ಅಂಗಡಿಯಲ್ಲಿ ಕೊನೆಯ ಮೂರು ಸೊನ್ನೆ ಬಿಟ್ಟು ಹೇಳುವುದೂ ಬರೆಯುವುದೂ ರೂಢಿ. ನೋಟುಗಳಲ್ಲಿ ಒಂದು ಅಪಾಯವಿದೆ. 20,000ದ ನೋಟೂ ನೀಲಿ, 500,000ದ ನೋಟೂ ನೀಲಿ ಛಾಯೆಯದು. ಎಳನೀರಿಗೆ 20 ಸಾವಿರ ಕೊಡಲು ಹೋಗಿ 5 ಲಕ್ಷ ಕೊಟ್ಟವರ ಕಥೆಗಳು ಪ್ರವಾಸಿಗರ ನಡುವೆ ಓಡಾಡುತ್ತಲೇ ಇರುತ್ತವೆ. ಎರಡನ್ನೂ ಪರ್ಸಿನ ಬೇರೆ ಬೇರೆ ಖಾನೆಯಲ್ಲಿಡಿ.

ಟಿಕೆಟ್ ಮಾಡುವುದು

ಈ ದಾರಿಯಲ್ಲಿ ಎರಡು ಬಗೆಯ ಗಾಡಿಗಳಿವೆ. ಒಂದು, ಸೈಗಾನ್ (ಈಗಿನ ಹೋ ಚಿ ಮಿನ್ ಸಿಟಿ)–ಹನೋಯ್ ನಡುವೆ ಓಡುವ ದೂರದ ಗಾಡಿ. ಇವಕ್ಕೆ ಎಸ್‌ಇ ಎಂದು ಶುರುವಾಗುವ ಸಂಖ್ಯೆ. ಉತ್ತರಕ್ಕೆ, ಅಂದರೆ ಹನೋಯ್ ಕಡೆಗೆ ಹೋಗುವವು ಸಮಸಂಖ್ಯೆ. ದಕ್ಷಿಣಕ್ಕೆ ಬರುವವು ಬೆಸಸಂಖ್ಯೆ. ಡಾ ನಾಂಗ್‌ನಿಂದ ಹುಯೆ ಉತ್ತರದಲ್ಲಿದೆ, ಆದ್ದರಿಂದ ನಿಮಗೆ ಬೇಕಾದದ್ದು ಸಮಸಂಖ್ಯೆಯ ಗಾಡಿ. ಮುಂಗಡ ಕಾಯ್ದಿರಿಸುವಾಗ ಇದೊಂದು ನೆನಪಿದ್ದರೆ ಊರುಗಳ ಹೆಸರು ಅದಲುಬದಲಾದರೂ ತಕ್ಷಣ ಗೊತ್ತಾಗುತ್ತದೆ.

ಇನ್ನೊಂದು, 2024ರ ಮಾರ್ಚ್‌ನಲ್ಲಿ ಶುರುವಾದ ಪಾರಂಪರಿಕ ಪ್ರವಾಸಿ ರೈಲು. ಈ ಎರಡು ಊರುಗಳ ನಡುವೆ ಮಾತ್ರ ಓಡುತ್ತದೆ, ಎಚ್‌ಡಿ ಎಂಬ ಗುರುತು. ಬೆಳಗ್ಗೆ ಎಂಟು ಗಂಟೆಯ ಆಸುಪಾಸಿಗೆ ಒಂದು, ಮಧ್ಯಾಹ್ನ ಒಂದು. ಟಿಕೆಟ್ 150,000 ಡಾಂಗ್‌ಗೆ ಶುರುವಾಯಿತು, ಅಂದರೆ ಸುಮಾರು 500 ರೂಪಾಯಿ. ನಡುವೆ ಲಾಂಗ್ ಕೊ ನಿಲ್ದಾಣದಲ್ಲಿ ಸುಮಾರು ಹತ್ತು ನಿಮಿಷ ನಿಲ್ಲಿಸಿ ಇಳಿದು ಫೋಟೊ ತೆಗೆಯಲು ಬಿಡುತ್ತಾರೆ, ಒಂದು ಬೋಗಿಯಲ್ಲಿ ಹಾಡು ಕುಣಿತ, ಸ್ಥಳೀಯ ತಿಂಡಿ ಇರುತ್ತದೆ. ಒಂದು ದಿನದ ಪ್ರವಾಸಕ್ಕೆ ನನ್ನ ಆಯ್ಕೆ ಬೆಳಗಿನ ಈ ಗಾಡಿಯೇ. ಹಾಡಿನ ಬೋಗಿಗಾಗಿ ಅಲ್ಲ, ಹಾಡು ಕೆಲವರಿಗೆ ಕಿರಿಕಿರಿಯೂ ಆದೀತು. ಗಾಡಿ ಡಾ ನಾಂಗ್‌ನಲ್ಲೇ ಹುಟ್ಟುವುದರಿಂದ ಹೊತ್ತಿಗೆ ಸರಿಯಾಗಿ ಹೊರಡುತ್ತದೆ. ದೂರದ ಗಾಡಿ ಸೈಗಾನ್‌ನಿಂದ ರಾತ್ರಿಯಿಡೀ ಓಡಿ ಬರುವಾಗ ತಡವಾದರೆ ನಿಮ್ಮ ಇಡೀ ದಿನದ ಲೆಕ್ಕ ತಪ್ಪುತ್ತದೆ. ವೇಳಾಪಟ್ಟಿ ಆಗಾಗ ಬದಲಾಗುತ್ತದೆ. ಹೊರಡುವ ವಾರ ಮತ್ತೊಮ್ಮೆ ನೋಡಿಕೊಳ್ಳಿ.

ವಿಯೆಟ್ನಾಂ ರೈಲ್ವೆಯ ಸ್ವಂತ ತಾಣದಲ್ಲಿ ಟಿಕೆಟ್ ಅಗ್ಗ. ಆದರೆ ಕೆಲವೊಮ್ಮೆ ನಮ್ಮ ಕಾರ್ಡುಗಳನ್ನು ಅದು ಒಪ್ಪುವುದಿಲ್ಲ. ಆಗ ಸ್ವಲ್ಪ ಕಮಿಷನ್ ತೆಗೆದುಕೊಳ್ಳುವ ಮಧ್ಯವರ್ತಿ ತಾಣಗಳೋ, ಡಾ ನಾಂಗ್‌ನಲ್ಲಿ ಒಂದೆರಡು ದಿನ ಮೊದಲೇ ಇದ್ದರೆ ಹಾಯ್ ಫೋಂಗ್ ರಸ್ತೆಯ ನಿಲ್ದಾಣದ ಕೌಂಟರೋ ಇದ್ದೇ ಇದೆ. ಜೂನ್–ಜುಲೈಯಲ್ಲಿ ಅಲ್ಲಿನ ಶಾಲೆಗಳಿಗೆ ರಜೆ, ವಾರಾಂತ್ಯದಲ್ಲಿ ಸ್ಥಳೀಯರ ನೂಕುನುಗ್ಗಲು. ಆಗ ಒಂದೆರಡು ವಾರ ಮುಂಚೆ ಮಾಡಿದರೆ ನೆಮ್ಮದಿ.

ತರಗತಿ ಆರಿಸುವಾಗ ಎಸಿ ಇರುವ ಸಾಫ್ಟ್ ಸೀಟ್ ಸಾಕು. ಮೂರು ಗಂಟೆಯ ಹಗಲು ಪ್ರಯಾಣಕ್ಕೆ ಸ್ಲೀಪರ್ ತೆಗೆದುಕೊಳ್ಳುವವರನ್ನು ನೋಡಿದ್ದೇನೆ. ಕೆಳಗಿನ ಬರ್ತ್‌ನಲ್ಲಿ ಬಗ್ಗಿ ಕೂತು ಕಿಟಕಿ ನೋಡುವ ಸಂಕಟ ಯಾಕೆ?

ಈಗ ಸೀಟು. ಹುಯೆಗೆ ಹೋಗುವಾಗ ಗಾಡಿ ಚಲಿಸುವ ದಿಕ್ಕಿಗೆ ಮುಖ ಮಾಡಿದರೆ ಸಮುದ್ರ ಬಲಗಡೆ. ಬೋಗಿಯ ಅರ್ಧ ಸೀಟುಗಳು ಹಿಮ್ಮುಖವಾಗಿರುವುದರಿಂದ ನಕ್ಷೆಯಲ್ಲಿ ಕಾಣುವ 'ಬಲ' ನಂಬಬೇಡಿ. ಕೌಂಟರಿನಲ್ಲಿ ತೆಗೆದುಕೊಳ್ಳುತ್ತಿದ್ದರೆ ಸಮುದ್ರದ ಕಡೆಯ ಕಿಟಕಿ ಎಂದು ಕೇಳಿ. ಭಾಷೆ ಬಾರದಿದ್ದರೆ ಫೋನಿನಲ್ಲಿ ಅನುವಾದ ಮಾಡಿ ತೋರಿಸಿ. ತಪ್ಪು ಬದಿಯೇ ಸಿಕ್ಕಿತೆಂದು ಕೈಚೆಲ್ಲುವುದೂ ಬೇಡ. ಘಾಟಿ ಬಂದಾಗ ಅರ್ಧ ಬೋಗಿ ಎದ್ದು ಬಲಗಡೆಗೇ ಬರುತ್ತದೆ, ಯಾರೂ ಬೇಸರಿಸುವುದಿಲ್ಲ.

ರೈಲಿನಲ್ಲಿ

ಅರ್ಧ ಗಂಟೆ ಮೊದಲು ನಿಲ್ದಾಣದಲ್ಲಿರಿ. ಟಿಕೆಟ್‌ನ ಕ್ಯೂಆರ್ ಕೋಡ್ ತೋರಿಸಿ ಪ್ಲಾಟ್‌ಫಾರ್ಮಿಗೆ ಹೋಗಬೇಕು. ಪಾಸ್‌ಪೋರ್ಟ್ ಕೈಯಲ್ಲಿರಲಿ.

ಹಳಿ ನೋಡಿದ ಕೂಡಲೇ ಇಷ್ಟು ಸಣ್ಣದೇ ಅನ್ನಿಸಿದರೆ ಆಶ್ಚರ್ಯವಿಲ್ಲ. ಇದು ಮೀಟರ್ ಗೇಜ್. ನಮ್ಮ ಬೆಂಗಳೂರು–ಮೈಸೂರು ಹಳಿಯೂ, ಸಕಲೇಶಪುರ–ಸುಬ್ರಹ್ಮಣ್ಯ ಘಾಟಿಯ ಹಳಿಯೂ ಒಂದು ಕಾಲಕ್ಕೆ ಇದೇ ಅಳತೆಯವು. ನಾವು ಅಗಲಿಸಿಕೊಂಡೆವು, ಅವರು 1,726 ಕಿಲೋಮೀಟರ್ ಉದ್ದದ ಹನೋಯ್–ಸೈಗಾನ್ ಮಾರ್ಗವನ್ನು ಇನ್ನೂ ಹಾಗೆಯೇ ಇಟ್ಟುಕೊಂಡಿದ್ದಾರೆ. ಫ್ರೆಂಚರು ಅದನ್ನು ಹಾಕಿ ಮುಗಿಸಿದ್ದು 1936ರಲ್ಲಿ. ಯುದ್ಧದಲ್ಲಿ ಸೇತುವೆಗಳು ಮುರಿದು, ದೇಶ ಎರಡಾದಾಗ ಹಳಿಯೂ ಎರಡಾಗಿ, ಮತ್ತೆ ಒಂದಾದ ಮೇಲೆ 1976ರ ಕೊನೆಯಲ್ಲಿ ರಿಪೇರಿಯಾಗಿ ಓಡತೊಡಗಿತು. ಹಾಗಾಗಿ ಗಾಡಿ ನಿಧಾನ. ಹುಯೆಗೆ ಎರಡೂವರೆಯಿಂದ ಮೂರು ಗಂಟೆ ಹಿಡಿಯುತ್ತದೆ.

ಊರು ಬಿಟ್ಟ ಮೇಲೆ ಮೊದಲ ಅರ್ಧ ಗಂಟೆ ಮನೆಗಳ ಹಿತ್ತಿಲು, ಒಣಗಿಸಿದ ಬಟ್ಟೆ, ಗೇಟಿನಲ್ಲಿ ನಿಂತ ಸ್ಕೂಟರುಗಳು, ಇಷ್ಟೇ. ಮೀನಿನ ಸಾಸ್‌ಗೆ ಹೆಸರಾದ ನಾಮ್ ಓ ದಾಟಿ ಕಿಮ್ ಲಿಯೆನ್ ನಿಲ್ದಾಣ ಬಂದರೆ ಘಾಟಿಯ ಬುಡ ಮುಟ್ಟಿದಿರಿ. ದೂರದ ಗಾಡಿಗಳಿಗೆ ಘಾಟಿ ಹತ್ತಲು ಹಿಂದಿನಿಂದ ನೂಕುವ ಇನ್ನೊಂದು ಎಂಜಿನ್ ಬೇಕಾಗುತ್ತದೆ. ಅಲ್ಲಿಂದ ಮುಂದಿನ ಮುಕ್ಕಾಲು ಗಂಟೆ ಫೋನ್ ಚಾರ್ಜಿಗೆ ಹಾಕಿ ಕೂರುವ ಹೊತ್ತಲ್ಲ.

ಬಲಕ್ಕೆ ಹಿಂತಿರುಗಿ ನೋಡಿದರೆ ಡಾ ನಾಂಗ್ ಕೊಲ್ಲಿ ಪೂರ್ತಿ ಬಿಲ್ಲಿನಂತೆ ಬಾಗಿರುತ್ತದೆ. ಆಚೆ ತುದಿಯಲ್ಲಿ ಸೊನ್ ತ್ರಾ ಗುಡ್ಡ, ಅದರ ಮೈಮೇಲೆ ಬಿಳಿ ಚುಕ್ಕೆಯಂತೆ ಕಾಣುವುದು 67 ಮೀಟರ್ ಎತ್ತರದ ಕ್ವಾನ್ ಆಮ್ ಮೂರ್ತಿ. ಅವಲೋಕಿತೇಶ್ವರನನ್ನು ಅಲ್ಲಿ ತಾಯಿಯ ರೂಪದಲ್ಲಿ ಪೂಜಿಸುತ್ತಾರೆ. ಗಾಡಿ ಏರುತ್ತಾ ಹೋದಂತೆ ಹಳಿಗೂ ಕಡಲಿಗೂ ನಡುವೆ ಕಾಡಿನ ಒಂದು ಪಟ್ಟಿ ಮಾತ್ರ ಉಳಿಯುತ್ತದೆ. ತಿರುವಿನಲ್ಲಿ ನಿಮ್ಮ ಗಾಡಿಯ ಎಂಜಿನ್ ನಿಮಗೇ ಕಾಣುತ್ತದೆ. ಕೆಳಗೆ ಬಂಡೆಗಳ ನಡುವೆ ಯಾವ ರಸ್ತೆಯೂ ತಲುಪದ ಪುಟ್ಟ ಮರಳ ತೀರಗಳು. ಸುರಂಗವೊಂದು ನುಂಗಿ ಉಗುಳಿದ ಮೇಲೆ ಕಣ್ಣು ಹೊಂದಿಕೊಳ್ಳುವಷ್ಟರಲ್ಲಿ ಇನ್ನೊಂದು. ಸಕಲೇಶಪುರದ ಹಾದಿಯಲ್ಲಿ ಹೋದವರಿಗೆ ಈ ಲಯ ಗೊತ್ತು, ಕಣಿವೆಯ ಜಾಗದಲ್ಲಿ ಸಮುದ್ರವಿದೆ ಅಷ್ಟೆ. ಹಳಿಯ ಪಕ್ಕದ ಗಿಡಗಂಟಿ ಬೆಳೆದ ಕಡೆ ನೋಟ ಮುರಿಮುರಿದು ಸಿಗುತ್ತದೆ ಎಂಬುದನ್ನೂ ಹೇಳಬೇಕು. ವಿಡಿಯೊ ಮಾಡುವವರು ಕೈ ಸೋಲುವ ಮೊದಲು ನಿಲ್ಲಿಸಿ, ಬರೀ ನೋಡಿ.

ಘಾಟಿಯ ನೆತ್ತಿಯಲ್ಲಿ, ಸುಮಾರು 500 ಮೀಟರ್ ಎತ್ತರದಲ್ಲಿ, 1826ರಲ್ಲಿ ಮಿನ್ ಮಾಂಗ್ ಅರಸ ಕಟ್ಟಿಸಿದ ಹಾಯ್ ವಾನ್ ದ್ವಾರ ಇದೆ. ರೈಲು ಅಷ್ಟು ಮೇಲಕ್ಕೆ ಹೋಗುವುದಿಲ್ಲ, ಅದು ರಸ್ತೆಯವರ ಪಾಲು. ಈ ಬೆಟ್ಟಸಾಲು ಶತಮಾನಗಳ ಕಾಲ ಎರಡು ರಾಜ್ಯಗಳ ಗಡಿಯಾಗಿತ್ತು. ಶಿವನನ್ನು ಪೂಜಿಸುತ್ತಿದ್ದ ಚಂಪಾ ಅರಸರ ನಾಡು ಒಮ್ಮೆ ಇದರ ಉತ್ತರಕ್ಕೂ ಹರಡಿತ್ತು. 1306ರಲ್ಲಿ ಚಂಪಾದ ಜಯಸಿಂಹವರ್ಮ ವಿಯೆಟ್ ರಾಜಕುಮಾರಿ ಹುಯೆನ್ ತ್ರಾನ್‌ಳನ್ನು ಮದುವೆಯಾಗಲು ಎರಡು ಪ್ರಾಂತಗಳನ್ನೇ ಕನ್ಯಾಶುಲ್ಕವಾಗಿ ಕೊಟ್ಟ. ಹುಯೆ ಇರುವ ನೆಲ ವಿಯೆಟ್ನಾಮಿಗರ ಕೈಗೆ ಬಂದದ್ದು ಹಾಗೆ. ಮದುಮಗ ಮರುವರ್ಷವೇ ತೀರಿಕೊಂಡ. ನೆಲ ಮಾತ್ರ ವಾಪಸು ಹೋಗಲಿಲ್ಲ. ಡಾ ನಾಂಗ್‌ನ ಚಾಮ್ ಶಿಲ್ಪ ಸಂಗ್ರಹಾಲಯದಲ್ಲಿ ಗಣಪತಿಯನ್ನೂ ಶಿವನನ್ನೂ ಹಿಂದಿನ ದಿನ ನೋಡಿಕೊಂಡು ಬಂದವರಿಗೆ ಈ ಬೆಟ್ಟ ಬರೀ ಬೆಟ್ಟವಾಗಿ ಕಾಣುವುದಿಲ್ಲ.

ಇಳಿದರೆ ಲಾಂಗ್ ಕೊ. ಒಂದು ಬದಿ ಕಡಲು, ಇನ್ನೊಂದು ಬದಿ ಹಿನ್ನೀರಿನ ಸರೋವರ, ನಡುವೆ ಮರಳಿನ ನಾಲಗೆಯ ಮೇಲೆ ಊರು. ಪಾರಂಪರಿಕ ಗಾಡಿಯಾದರೆ ಇಲ್ಲಿ ಇಳಿದು ಕೈಕಾಲು ಸಡಿಲಿಸಿ, ಸೀಟಿ ಕೇಳಿದ ಕೂಡಲೇ ಹತ್ತಿ. ಇಲ್ಲಿಂದ ಹುಯೆವರೆಗೆ ಭತ್ತದ ಗದ್ದೆ, ಗದ್ದೆಯ ನಡುವೆ ಸಮಾಧಿಗಳು, ಕೌ ಹಾಯ್ ಹಿನ್ನೀರಿನ ಮೀನಿನ ಬಲೆಗಳು. ಕಣ್ಣು ಮುಚ್ಚಿದರೂ ನಷ್ಟವಿಲ್ಲ.

ತಿನ್ನಲು ತಳ್ಳುಗಾಡಿ ಬರುತ್ತದೆ. ಕಪ್ ನೂಡಲ್ಸ್, ಬಿಸ್ಕತ್ತು, ಕಾಫಿ ಸಿಗುತ್ತವೆ. ಸಸ್ಯಾಹಾರಿಗಳು ಬೆಳಗಿನ ತಿಂಡಿ ಹೋಟೆಲಿನಲ್ಲೇ ಮುಗಿಸಿ ಬಾಳೆಹಣ್ಣು ಕಟ್ಟಿಕೊಳ್ಳುವುದು ವಾಸಿ. ನೂಡಲ್ಸ್ ಕಪ್ಪಿನ ಮೇಲೆ ತರಕಾರಿ ಚಿತ್ರವಿದ್ದರೂ ಒಳಗಿನ ಮಸಾಲೆಯಲ್ಲಿ ಸೀಗಡಿ ಇರಬಹುದು.

ಹುಯೆಯಲ್ಲಿ ಆರೇಳು ಗಂಟೆ

ಹನ್ನೊಂದರ ಸುಮಾರಿಗೆ ಇಳಿಯುತ್ತೀರಿ. ಗುಲಾಬಿ ಬಣ್ಣ ಬಳಿದ ಹುಯೆ ನಿಲ್ದಾಣ ಫ್ರೆಂಚರ ಕಾಲದ್ದು. ಹೊರಗೆ ಬಂದ ಕೂಡಲೇ ಟ್ಯಾಕ್ಸಿಯವರು, ಸೈಕ್ಲೊ ಎಂಬ ಸೈಕಲ್ ರಿಕ್ಷಾದವರು ಮುತ್ತುತ್ತಾರೆ. ನಗುತ್ತಲೇ ದಾಟಿಕೊಂಡು ಬಂದು ಗ್ರ್ಯಾಬ್ ಆ್ಯಪ್‌ನಲ್ಲಿ ಗಾಡಿ ಕರೆಯಿರಿ. ಕೋಟೆ ಇರುವುದು ಪರ್ಫ್ಯೂಮ್ ನದಿಯ ಆಚೆ ದಡದಲ್ಲಿ, ಮೂರು ಕಿಲೋಮೀಟರಿನೊಳಗೆ.

ಹುಯೆಯಲ್ಲಿ ನೋಡಬೇಕಾದ್ದರ ಪಟ್ಟಿ ಉದ್ದ. ಒಂದು ದಿನದಲ್ಲಿ ಅರಮನೆ, ಮೂರು ಸಮಾಧಿ, ಪಗೋಡ, ದೋಣಿ ವಿಹಾರ ಎಲ್ಲವನ್ನೂ ತುರುಕುವ ಪ್ಯಾಕೇಜುಗಳು ಸಿಗುತ್ತವೆ. ಅವುಗಳಲ್ಲಿ ಹೋದವರಿಗೆ ಬಸ್ಸಿನ ಬಾಗಿಲು ಮಾತ್ರ ಚೆನ್ನಾಗಿ ನೆನಪಿರುತ್ತದೆ. ನನ್ನ ಸಲಹೆ: ಅರಮನೆಗೆ ಎರಡೂವರೆ ಗಂಟೆ, ಒಂದೇ ಒಂದು ಸಮಾಧಿಗೆ ಒಂದೂಕಾಲು ಗಂಟೆ, ಉಳಿದದ್ದು ಊಟಕ್ಕೆ, ನದಿ ದಂಡೆಗೆ.

ಮೊದಲು ಊಟ ಮಾಡಿ. ಹನ್ನೊಂದೂವರೆಗೇ ಅಲ್ಲಿ ಊಟದ ಹೊತ್ತು.

ಹುಯೆ ಬೌದ್ಧ ಗುಡಿಗಳ ಊರು, ಸಸ್ಯಾಹಾರಕ್ಕೆ ವಿಯೆಟ್ನಾಂನಲ್ಲಿ ಇದಕ್ಕಿಂತ ಒಳ್ಳೆಯ ಊರು ಕಷ್ಟ. 'ಚಾಯ್' ಎಂಬ ಫಲಕ ಹಾಕಿದ ಹೋಟೆಲುಗಳು ಪೂರ್ತಿ ಸಸ್ಯಾಹಾರಿ. ಇದು ನಾವು ಕುಡಿಯುವ ಚಹಾ ಅಲ್ಲ, ಗೊಂದಲ ಬೇಡ. ಗುಡಿಯ ಪದ್ಧತಿಯಂತೆ ಅಡುಗೆ ಮಾಡುವ ಕಡೆ ಈರುಳ್ಳಿ, ಬೆಳ್ಳುಳ್ಳಿಯನ್ನೂ ಹಾಕುವುದಿಲ್ಲ, ಮಡಿಯಲ್ಲಿ ಉಣ್ಣುವವರಿಗೂ ನಡೆಯುತ್ತದೆ. ಹುಣ್ಣಿಮೆ ದಿನ, ಅಮಾವಾಸ್ಯೆ ಕಳೆದ ಪಾಡ್ಯದ ದಿನ ಅನೇಕ ಮನೆಗಳಲ್ಲಿ ಮಾಂಸ ಮಾಡುವುದಿಲ್ಲ. ಆ ದಿನ ಮಾಮೂಲಿ ಹೋಟೆಲುಗಳೂ ಚಾಯ್ ಊಟ ಇಡುತ್ತವೆ. ಹೊರಡುವ ಮುನ್ನ ಗೋಡೆಯ ಮೇಲಿನ ಪಂಚಾಂಗ ನೋಡಿಕೊಂಡರೆ ಲಾಭವುಂಟು.

ಮಾಮೂಲಿ ಹೋಟೆಲಿಗೇ ಹೋಗುವುದಾದರೆ 'ಮಾಂಸ ಬೇಡ' ಎಂದರೆ ಸಾಲದು. ಮೀನಿನ ಸಾಸ್ ಅವರಿಗೆ ಉಪ್ಪಿದ್ದಂತೆ, ಅದನ್ನು ಮಾಂಸವೆಂದು ಯಾರೂ ಎಣಿಸುವುದಿಲ್ಲ. 'ತೊಯ್ ಆನ್ ಚಾಯ್' ಅಂದರೆ ನಾನು ಸಸ್ಯಾಹಾರಿ. ನಮ್ಮ ಉಚ್ಚಾರಣೆ ಅವರಿಗೆ ಹತ್ತುವುದು ಅನುಮಾನ. 'ಮೀನಿನ ಸಾಸ್, ಸೀಗಡಿ, ಮೊಟ್ಟೆ ಯಾವುದೂ ಬೇಡ' ಎಂದು ವಿಯೆಟ್ನಾಮಿ ಭಾಷೆಗೆ ಅನುವಾದಿಸಿ ಫೋನಿನಲ್ಲಿ ಇಟ್ಟುಕೊಂಡು ತೋರಿಸಿ.

ಏನು ತಿನ್ನಬೇಕು? ಬಾನ್ ಬೆಯೊ ಬಿಡಬೇಡಿ. ಅಕ್ಕಿ ಹಿಟ್ಟನ್ನು ಪುಟ್ಟ ಪಿಂಗಾಣಿ ಬಟ್ಟಲಿನಲ್ಲಿ ಹಬೆಯಲ್ಲಿ ಬೇಯಿಸಿ ಬಟ್ಟಲಿನ ಸಮೇತ ತಂದಿಡುತ್ತಾರೆ, ನಮ್ಮ ತಟ್ಟೆ ಇಡ್ಲಿಯ ಮರಿ ಅನ್ನಿ. ಮೇಲೆ ಉದುರಿಸುವುದು ಒಣ ಸೀಗಡಿ ಪುಡಿ. ಚಾಯ್ ಹೋಟೆಲುಗಳಲ್ಲಿ ಅದರ ಬದಲು ಹೆಸರುಬೇಳೆ ಹಾಕುತ್ತಾರೆ. ಮಾಂಸ ತಿನ್ನುವವರಿಗೆ ಬುನ್ ಬೊ ಹುಯೆ: ದನದ ಮೂಳೆ, ಮಜ್ಜಿಗೆಹುಲ್ಲು, ಹುದುಗಿಸಿದ ಸೀಗಡಿ ಚಟ್ನಿ ಹಾಕಿ ಕುದಿಸಿದ ಖಾರದ ಸಾರಿನಲ್ಲಿ ದಪ್ಪ ಶಾವಿಗೆ. ಅದರಲ್ಲಿ ಹಂದಿಮಾಂಸವೂ ಇರುತ್ತದೆ, ಬೇಡದವರು ಮೊದಲೇ ಕೇಳಿಕೊಳ್ಳಿ. 'ಚೆ' ಎಂಬ ಸಿಹಿ ಪಾಯಸಗಳು ಹತ್ತಾರು ಬಗೆ. ಕಮಲದ ಬೀಜದ್ದು, ಜೋಳದ್ದು ಕಣ್ಣುಮುಚ್ಚಿ ಕುಡಿಯಬಹುದು. ಆದರೆ ಹುಯೆಯ ಒಂದು ಪ್ರಸಿದ್ಧ 'ಚೆ'ಯಲ್ಲಿ ಪಾರದರ್ಶಕ ಉಂಡೆಯ ಒಳಗೆ ಹುರಿದ ಹಂದಿಮಾಂಸ ಇಟ್ಟಿರುತ್ತಾರೆ! ಪಾಯಸ ತಾನೆ ಎಂದು ನಂಬಿ ಕಚ್ಚಬೇಡಿ. ಕಡೆಗೆ ಉಪ್ಪು ಕಾಫಿ. ಕೆನೆಗೆ ಉಪ್ಪು ಬೆರೆಸಿ ಕಡು ಕಾಫಿಯ ಮೇಲೆ ಹಾಕುವ ಈ ಪದ್ಧತಿ ಹುಟ್ಟಿದ್ದು ಇದೇ ಊರಿನಲ್ಲಿ. ಫಿಲ್ಟರ್ ಕಾಫಿಯ ನಾಲಗೆಗೆ ಮೊದಲ ಗುಟುಕು ವಿಚಿತ್ರ, ಮೂರನೆಯದು ಹಿತ.

ಅರಮನೆಯೊಳಗೆ

ಸುಮಾರು 10 ಕಿಲೋಮೀಟರ್ ಸುತ್ತಳತೆಯ ಹೊರಕೋಟೆ, ಕಂದಕ. ಅದರೊಳಗೆ ಎರಡೂವರೆ ಕಿಲೋಮೀಟರ್ ಸುತ್ತಳತೆಯ ರಾಜನಗರ. ಅದರ ಒಳಗೆ ರಾಜನ ಸ್ವಂತ ವಾಸದ ನೇರಳೆ ನಗರ. ಜಿಯಾ ಲಾಂಗ್ ಅರಸ 1805ರಲ್ಲಿ ಕೋಟೆ ಕೆಲಸ ಶುರು ಮಾಡಿಸಿದ, ಮಗ ಮಿನ್ ಮಾಂಗ್ 1832ರಲ್ಲಿ ಮುಗಿಸಿದ. 1993ರಲ್ಲಿ ವಿಯೆಟ್ನಾಂನಿಂದ ಮೊಟ್ಟಮೊದಲು ವಿಶ್ವ ಪರಂಪರೆ ಪಟ್ಟಿಗೆ ಸೇರಿದ್ದು ಹುಯೆಯ ಸ್ಮಾರಕಗಳೇ. ಪ್ರವೇಶಕ್ಕೆ 200,000 ಡಾಂಗ್. ಸಮಾಧಿಯನ್ನೂ ನೋಡುವುದಿದ್ದರೆ ಎರಡೂ ಸೇರಿದ ಜೋಡಿ ಟಿಕೆಟ್ ಇದೆಯೇ ಎಂದು ಕೇಳಿ, ಉಳಿತಾಯವಾಗಬಹುದು. ತೋಳು, ಮೊಣಕಾಲು ಮುಚ್ಚುವ ಬಟ್ಟೆ ಹಾಕಿಕೊಂಡಿರಿ.

ಒಳಗೆ ಹೋಗುವುದು ನ್ಗೊ ಮೋನ್ ದ್ವಾರದಿಂದ. ಐದು ಬಾಗಿಲುಗಳಲ್ಲಿ ನಡುವಿನದು ರಾಜನಿಗೆ ಮಾತ್ರ, ಅಕ್ಕಪಕ್ಕದವು ಅಧಿಕಾರಿಗಳಿಗೆ, ಅಂಚಿನವು ಸೈನಿಕರಿಗೆ, ಆನೆ ಕುದುರೆಗಳಿಗೆ. ಮೇಲಿನ ಉಪ್ಪರಿಗೆ ಹತ್ತಿ. 1945ರ ಆಗಸ್ಟ್ 30ರಂದು ಕೊನೆಯ ಅರಸ ಬಾವೊ ದಾಯ್ ಇಲ್ಲೇ ನಿಂತು ಪಟ್ಟ ಬಿಟ್ಟುಕೊಟ್ಟ. ಮುಂದೆ ಕೊಳದ ಮೇಲಿನ ಸೇತುವೆ ದಾಟಿದರೆ ಥಾಯ್ ಹೋವಾ, ಅಂದರೆ ಸಿಂಹಾಸನದ ಸಭಾಂಗಣ. ಕೆಂಪು ಅರಗಿನ ಮೇಲೆ ಚಿನ್ನದ ಡ್ರ್ಯಾಗನ್ ಸುತ್ತಿದ 80 ಮರದ ಕಂಬಗಳು. ಹಲವು ವರ್ಷ ದುರಸ್ತಿಗೆಂದು ಮುಚ್ಚಿದ್ದು 2024ರ ನವೆಂಬರ್‌ನಲ್ಲಿ ಮತ್ತೆ ತೆರೆಯಿತು.

ಅದರ ಹಿಂದೆ ಹೋದರೆ ಅನೇಕರಿಗೆ ನಿರಾಸೆಯಾಗುತ್ತದೆ. ಬರೀ ಹುಲ್ಲು, ಅಡಿಪಾಯದ ಕಲ್ಲು. 1947ರಲ್ಲಿ ಫ್ರೆಂಚರೊಡನೆ ನಡೆದ ಯುದ್ಧದ ಬೆಂಕಿಗೆ ನೇರಳೆ ನಗರ ಸುಟ್ಟುಹೋಯಿತು. 1968ರ ಟೆಟ್ ಹಬ್ಬದ ಹೊತ್ತಿಗೆ ಕಮ್ಯುನಿಸ್ಟ್ ಪಡೆಗಳು ನಡೆಸಿದ ದಾಳಿಯಲ್ಲಿ ಹೆಚ್ಚುಕಡಿಮೆ ಒಂದು ತಿಂಗಳು ಈ ಕೋಟೆಯೊಳಗೇ ಗುಂಡಿನ ಕಾಳಗ ನಡೆದು ಉಳಿದದ್ದೂ ಪುಡಿಯಾಯಿತು. ಗೋಡೆಗಳಲ್ಲಿ ಗುಂಡಿನ ಗುರುತು ಇನ್ನೂ ಇವೆ. ತುತ್ತತುದಿಯಲ್ಲಿ ಥಳಥಳಿಸುವ ಕಿಯೆನ್ ತ್ರುಂಗ್ ಅರಮನೆ ಹೊಸದಾಗಿ ಕಟ್ಟಿದ್ದು, 2024ರಲ್ಲಿ ತೆರೆದದ್ದು. ಎಲ್ಲರೂ ಫೋಟೊಗೆ ಅಲ್ಲಿಗೇ ಓಡುತ್ತಾರೆ.

ನೀವು ಎಡಕ್ಕೆ, ನೈಋತ್ಯದ ಮೂಲೆಗೆ ಹೋಗಿ. ಅರಸರ ಪಿತೃಗಳ ಗುಡಿಯ ಅಂಗಳದಲ್ಲಿ ಒಂಬತ್ತು ಕಂಚಿನ ಹಂಡೆಗಳು ಸಾಲಾಗಿ ನಿಂತಿವೆ. ಮೂರು ಕಾಲು, ಆಳೆತ್ತರಕ್ಕಿಂತ ಹೆಚ್ಚು, ಒಂದೊಂದೂ ಎರಡು ಟನ್ನಿನ ಆಚೀಚೆ ತೂಕ. 1835–37ರಲ್ಲಿ ಮಿನ್ ಮಾಂಗ್ ಎರಕ ಹೊಯ್ಯಿಸಿದ. ಹೆಚ್ಚಿನ ಹಂಡೆಗಳಿಗೆ ಒಬ್ಬೊಬ್ಬ ಅರಸನ ಹೆಸರು ಸಲ್ಲುತ್ತದೆ. ವಂಶ ಕಟ್ಟಿದ ಜಿಯಾ ಲಾಂಗನ ಹಂಡೆ ಒಂದು ಹೆಜ್ಜೆ ಮುಂದೆ ನಿಂತಿದೆ. ಅದರ ಮೈಮೇಲೆ ಕೈಯಗಲದ ಉಬ್ಬುಚಿತ್ರಗಳಲ್ಲಿ ಇಡೀ ದೇಶವನ್ನೇ ಕೆತ್ತಿಸಿದ್ದಾರೆ: ಸೂರ್ಯ, ಹುಲಿ, ಭತ್ತ, ಫಿರಂಗಿ, ಹಲಸು ಕೂಡ. ಹಲಸಿನ ಕಾಯಿ ಹುಡುಕಿ ನೋಡಿ, ಮಕ್ಕಳು ಜೊತೆಗಿದ್ದರೆ ಅರ್ಧ ಗಂಟೆ ಆರಾಮಾಗಿ ಕಳೆಯುತ್ತದೆ. ಬೆಳಗ್ಗೆ ನೀವು ಹಾದುಬಂದ ಹಾಯ್ ವಾನ್ ಘಾಟಿಯ ದ್ವಾರವೂ ಈ ಒಂಬತ್ತರಲ್ಲಿ ಒಂದು ಹಂಡೆಯ ಮೇಲಿದೆ. ಅರಮನೆಯಲ್ಲಿ ಇಷ್ಟು ನೆಮ್ಮದಿಯ ಮೂಲೆ ಇನ್ನೊಂದಿಲ್ಲ, ಅರ್ಧಕ್ಕರ್ಧ ಪ್ರವಾಸಿಗರು ಈ ಕಡೆ ಬರುವುದೇ ಇಲ್ಲ.

ಯಾವ ಸಮಾಧಿ?

ಊರ ಹೊರಗೆ ಅರಸರ ಸಮಾಧಿ ತೋಟಗಳಿವೆ. ಹೆಸರಾದವುಗಳಿಗೆ ತಲಾ 150,000 ಡಾಂಗ್. ಇರುವ ಸಮಯಕ್ಕೆ ಒಂದೇ ಆರಿಸಬೇಕು.

ತು ದುಕ್ ಸಮಾಧಿ ಹತ್ತಿರ, ಏಳು ಕಿಲೋಮೀಟರಿನೊಳಗೆ. ಕೊಳ, ಪೈನ್ ಮರ, ಮರದ ಮಂಟಪ. ಸಾಯುವ ಮೊದಲು ಅರಸ ಇಲ್ಲೇ ಬಂದು ಕೂತು ಪದ್ಯ ಬರೆಯುತ್ತಿದ್ದ. 1864ರಿಂದ 67ರವರೆಗೆ ಇದನ್ನು ಕಟ್ಟಿಸುವಾಗ ಬಿಟ್ಟಿ ದುಡಿಮೆಯ ಹಿಂಸೆ ತಾಳಲಾರದೆ ಕೆಲಸಗಾರರು ದಂಗೆ ಎದ್ದರು. ಮಕ್ಕಳಿಲ್ಲದ ಅವನು ತನ್ನ ಶಾಸನವನ್ನು ತಾನೇ ಬರೆದುಕೊಂಡ. ತಪ್ಪುಗಳನ್ನೂ ಅದರಲ್ಲಿ ಒಪ್ಪಿಕೊಂಡಿದ್ದಾನೆ. ಖಾಯ್ ದಿನ್ ಸಮಾಧಿ ಪೂರ್ತಿ ಬೇರೆ ಬಗೆ: 1920ರಿಂದ 31ರವರೆಗೆ ಕಾಂಕ್ರೀಟಿನಲ್ಲಿ ಕಟ್ಟಿದ್ದು, ಹೊರಗೆ ಮಸಿ ಹಿಡಿದ ಕಪ್ಪು, ಒಳಗೆ ಪಿಂಗಾಣಿ ಚೂರು, ಬಣ್ಣದ ಗಾಜು ಅಂಟಿಸಿದ ಕಣ್ಣು ಕೋರೈಸುವ ಗೋಡೆ. ಆದರೆ 127 ಮೆಟ್ಟಿಲು, ನೆರಳೇ ಇಲ್ಲ. ಅಪ್ಪ ಅಮ್ಮನನ್ನು ಕರೆದುಕೊಂಡು ಹೋದವರಿಗೆ ತು ದುಕ್. ಮೊಣಕಾಲು ಗಟ್ಟಿಯಿದ್ದು ವಿಚಿತ್ರ ನೋಡಬೇಕೆಂದರೆ ಖಾಯ್ ದಿನ್. ಹೋಗುವಾಗ ಬಂದ ಗ್ರ್ಯಾಬ್ ಚಾಲಕನನ್ನೇ ಕಾಯುವಂತೆ ಕೇಳಿ ದರ ಮಾತಾಡಿಕೊಳ್ಳಿ, ಅಲ್ಲಿಂದ ವಾಪಸು ಗಾಡಿ ಸಿಗುವುದು ಕೆಲವೊಮ್ಮೆ ತಡವಾಗುತ್ತದೆ. ಐದು ಗಂಟೆ ಹೊತ್ತಿಗೆ ಬಾಗಿಲು ಹಾಕುತ್ತಾರೆ.

ಸಮಾಧಿ ಬೇಡವೆನ್ನುವವರು ನದಿ ದಂಡೆಯ ಥಿಯೆನ್ ಮು ಪಗೋಡಕ್ಕೆ ಹೋಗಬಹುದು, ಟಿಕೆಟ್ ಇಲ್ಲ. 1601ರಲ್ಲಿ ಸ್ಥಾಪಿಸಿದ್ದು, ಏಳಂತಸ್ತಿನ ಗೋಪುರ 1844ರದ್ದು. ಹಿಂಬದಿಯ ಶೆಡ್ಡಿನಲ್ಲಿ ಒಂದು ತಿಳಿನೀಲಿ ಆಸ್ಟಿನ್ ಕಾರು ನಿಂತಿದೆ. 1963ರ ಜೂನ್ 11ರಂದು ಥಿಕ್ ಕ್ವಾಂಗ್ ದುಕ್ ಎಂಬ ಭಿಕ್ಷು ಸೈಗಾನ್‌ನ ಚೌಕಕ್ಕೆ ಬಂದದ್ದು ಇದೇ ಕಾರಿನಲ್ಲಿ. ಬೌದ್ಧರ ಮೇಲಿನ ದಬ್ಬಾಳಿಕೆ ವಿರೋಧಿಸಿ ಇಳಿದು ಪದ್ಮಾಸನ ಹಾಕಿ ಬೆಂಕಿ ಹಚ್ಚಿಕೊಂಡರು.

ವಾಪಸು

ಸಂಜೆ ಆರರ ಹೊತ್ತಿಗೆ ಹೊರಡುವ ಲಿಮೊಸಿನ್ ವ್ಯಾನ್‌ನಲ್ಲಿ ಸೀಟು ಹಿಂದಿನ ದಿನವೇ ಹಿಡಿಯಿರಿ. ಒಂಬತ್ತು ಹತ್ತು ಸೀಟಿನ ಗಾಡಿ, ಹೆಚ್ಚಿನವು ನೀವು ಹೇಳಿದ ಜಾಗಕ್ಕೇ ಬಂದು ಹತ್ತಿಸಿಕೊಳ್ಳುತ್ತವೆ. ತಲೆಗೆ 150,000ದಿಂದ 200,000 ಡಾಂಗ್. 2005ರಲ್ಲಿ ತೆರೆದ 6.28 ಕಿಲೋಮೀಟರ್ ಉದ್ದದ ಹಾಯ್ ವಾನ್ ಸುರಂಗದೊಳಗಿಂದ ಎರಡು ಗಂಟೆಯಲ್ಲಿ ಡಾ ನಾಂಗ್. ನಾಲ್ಕು ಜನರಿದ್ದರೆ ಖಾಸಗಿ ಕಾರೇ ಲೆಕ್ಕಕ್ಕೆ ಸರಿ, ಹತ್ತು ಲಕ್ಷ ಡಾಂಗ್‌ನ ಆಚೀಚೆ. ಕೇಳಿ ಗಾಬರಿಯಾಗಬೇಡಿ, ಮೂರೂವರೆ ಸಾವಿರ ರೂಪಾಯಿ ಅಷ್ಟೆ. ನಾಲ್ಕು ಗಂಟೆಗೇ ಹುಯೆ ಬಿಟ್ಟರೆ ಸುರಂಗದ ಬದಲು ಘಾಟಿ ರಸ್ತೆಯಲ್ಲಿ ಬರಲು ಹೇಳಿ, ಬೆಳಗ್ಗೆ ತಪ್ಪಿದ ನೆತ್ತಿಯ ದ್ವಾರವನ್ನೂ ನೋಡಬಹುದು.

ವ್ಯಾನ್, ಟಿಕೆಟ್, ಊಟ, ಗ್ರ್ಯಾಬ್ ಎಲ್ಲ ಸೇರಿ ಒಬ್ಬರಿಗೆ ಸುಮಾರು ಹತ್ತು ಲಕ್ಷ ಡಾಂಗ್ ಇಟ್ಟುಕೊಳ್ಳಿ.

ಮಳೆಗಾಲದಲ್ಲಿ ಹಳಿಯ ಮೇಲೆ ಗುಡ್ಡ ಕುಸಿದು ರೈಲು ನಿಲ್ಲುವುದುಂಟು. ಹಿಂದಿನ ರಾತ್ರಿ ಹೋಟೆಲಿನವರನ್ನೇ ಕೇಳಿ, ಅವರಿಗೆ ಸುದ್ದಿ ಮೊದಲು ಗೊತ್ತಿರುತ್ತದೆ. ರೈಲ್ವೆಯವರೇ ಗಾಡಿ ರದ್ದು ಮಾಡಿದರೆ ದುಡ್ಡು ವಾಪಸು ಕೇಳಲು ಟಿಕೆಟ್ ಇಟ್ಟುಕೊಂಡಿರಿ.

ಹುಯೆಯಲ್ಲೇ ಉಳಿದುಕೊಂಡು ಡಾ ನಾಂಗ್‌ಗೆ ಬರುವವರು ಎಲ್ಲವನ್ನೂ ತಿರುವಿಹಾಕಿಕೊಳ್ಳಿ: ಬೆಸಸಂಖ್ಯೆಯ ಗಾಡಿ, ಎಡಗಡೆ ಸಮುದ್ರ. ಡಾ ನಾಂಗ್‌ನಲ್ಲಿ ಹಳಿ ಊರೊಳಗೇ ಕೊನೆಯಾಗುತ್ತದೆ. ದೂರದ ಗಾಡಿಯಲ್ಲಿ ಇನ್ನೂ ದಕ್ಷಿಣಕ್ಕೆ ಹೋಗುವವರಿಗೆ ಅಲ್ಲಿ ಎಂಜಿನ್ ಬಿಚ್ಚಿ ಇನ್ನೊಂದು ತುದಿಗೆ ಜೋಡಿಸುವುದು ಕಂಡು, ಗಾಡಿ ವಾಪಸು ಹುಯೆಗೇ ಹೊರಟಿತೇ ಎಂದು ಗಾಬರಿಯಾಗಬಹುದು. ಅದು ದಿನಾ ನಡೆಯುವ ಪದ್ಧತಿ, ಸೀಟಿನಲ್ಲೇ ಕೂತಿರಿ.